ಅಲ್ಲಿ ಎಂದರೆ ಎಲ್ಲಿ? — ಇಂಗ್ಲಿಷ್, ಜರ್ಮನ್ ಮತ್ತು ಡಚ್ ಭಾಷೆಗಳ ಒಂದು ಶಬ್ದಕುಟುಂಬ

ಈ ಲೇಖನಕ್ಕೆ ಕಾರಣವಾದುದು ಒಂದು ಕರಾರುಪತ್ರ. ಕೆಲವು ವರ್ಷಗಳ ಹಿಂದೆ ನಮ್ಮ ಹತ್ತನೆಯ ತರಗತಿಯ ವಿದ್ಯಾರ್ಥಿಯೊಬ್ಬನು ಒಂದು ಸಂಜೆ ತನ್ನ ತಂದೆಯವರೊಡನೆ ನನ್ನ ಕೋಣೆಗೆ ಬಂದನು. ತಂದೆಯವರು ಮನೆ ಕಟ್ಟುವುದಕ್ಕಾಗಿ ಹತ್ತು ಸೆಂಟು ಜಾಗವನ್ನು ಕೊಂಡುಕೊಳ್ಳಲು ನಿಶ್ಚಯಿಸಿದ್ದರು. ಮಾರುವವರು ದೂರದ ಪಟ್ಟಣದಲ್ಲಿ ನೆಲೆಸಿದವರಾದುದರಿಂದ ಕರಾರನ್ನು ಇಂಗ್ಲಿಷಿನಲ್ಲಿ ಟೈಪು ಮಾಡಿಸಿ ಕಳುಹಿಸಿದ್ದರು. ನಮ್ಮ ಗಡಿನಾಡಿನ ಸ್ಥಿತಿ ನಿಮಗೆ ತಿಳಿದೇ ಇದೆ. ಮನೆಯ ಮಾತು ಒಂದು, ಪೇಟೆಯ ಮಾತು ಮತ್ತೊಂದು, ಕಾಗದಪತ್ರದ ಮಾತು ಮೂರನೆಯದು. ಮೂರನೆಯ ಮಾತು ಬಂದಾಗ ಮನೆಯ ಹಿರಿಯರು ಶಾಲೆಗೆ ಹೋಗುವ ಮಕ್ಕಳ ಮುಖವನ್ನು ನೋಡುತ್ತಾರೆ. ಆ ಹುಡುಗನೂ ಇಡೀ ಪತ್ರವನ್ನು ಓದಿ ತಂದೆಗೆ ಅರ್ಥ ಹೇಳಿದ್ದನು. ಆದರೂ ಒಂದು ಸಾಲಿನಲ್ಲಿ ತಂದೆ ಮಗ ಇಬ್ಬರಿಗೂ ಸಂಶಯ ಉಳಿದಿತ್ತು.

ಆ ಸಾಲಿನಲ್ಲಿ ಜಾಗದ ವಿವರಣೆಯಾದ ಮೇಲೆ "ದ ವೆಲ್ ದೇರ್‌ಇನ್ ಅಂಡ್ ದ ಪಾತ್‌ವೇ ದೇರ್‌ಟು" ಎಂದಿತ್ತು. ಹುಡುಗನು ಇದನ್ನು "ಅಲ್ಲಿ ಒಳಗಿರುವ ಬಾವಿ ಮತ್ತು ಅಲ್ಲಿಗೆ ಹೋಗುವ ದಾರಿ" ಎಂದು ಭಾಷಾಂತರಿಸಿದ್ದನು. ತಂದೆಯವರು ನನ್ನನ್ನು ಕೇಳಿದ ಪ್ರಶ್ನೆ ಇಷ್ಟೇ: "ಅಲ್ಲಿ ಎಂದರೆ ಎಲ್ಲಿ, ಮಾಸ್ಟ್ರೇ?" ಪ್ರಶ್ನೆಗೆ ಕಾರಣವಿತ್ತು. ಕೊಳ್ಳಲಿರುವ ಜಾಗದಲ್ಲಿ ಒಂದು ಹಳೆಯ ಬಾವಿ. ಬೇಸಗೆಯಲ್ಲಿ ಅದು ಬತ್ತುತ್ತದೆ. ಮಾರುವವರು ತಮಗಾಗಿ ಉಳಿಸಿಕೊಂಡ ಪಕ್ಕದ ತೋಟದಲ್ಲಿ ಇನ್ನೊಂದು ಬಾವಿ. ಅದರಲ್ಲಿ ಮೇ ತಿಂಗಳಲ್ಲಿಯೂ ನೀರು. "ಅಲ್ಲಿರುವ ಬಾವಿ" ಎಂದು ಮಗನು ಓದಿದಾಗ, ಆ ಒಳ್ಳೆಯ ಬಾವಿಯ ನೀರಿಗೂ ತಮಗೆ ಹಕ್ಕು ಬರುತ್ತದೆಂದು ತಂದೆಯವರು ಎಣಿಸಿದ್ದರು. ಮುಂಗಡವನ್ನು ಕೊಡುವ ದಿನ ಹತ್ತಿರ ಬಂದಿತ್ತು.

ಹುಡುಗನ ತಪ್ಪು ದೊಡ್ಡ ತಪ್ಪೇನೂ ಅಲ್ಲ. ದೇರ್ ಎಂದರೆ ಅಲ್ಲಿ ಎಂದು ನಾವೇ ಕಲಿಸಿದ್ದೇವೆ. ಆದರೆ ದೇರ್‌ಇನ್ ಎಂಬ ಸಮಾಸದಲ್ಲಿ ಆ ದೇರ್ ಸ್ಥಳವನ್ನು ತೋರಿಸುವುದಿಲ್ಲ. ಹಿಂದೆ ಹೇಳಿದ ಒಂದು ವಸ್ತುವನ್ನು ತೋರಿಸುತ್ತದೆ. ಅದು ಅಲ್ಲಿ ಎಂಬುದರ ಸ್ಥಾನದಲ್ಲಿ ಇರುವುದಲ್ಲ, ‘ಅದು’ ಎಂಬ ಸರ್ವನಾಮದ ಸ್ಥಾನದಲ್ಲಿ ಇರುವುದು. ದೇರ್‌ಇನ್ ಎಂದರೆ ಅದರಲ್ಲಿ. ಎಂದರೆ ಆ ಹತ್ತು ಸೆಂಟು ಜಾಗದಲ್ಲಿ. ಹೀಗಾಗಿ ತಂದೆಯವರಿಗೆ ದೊರೆಯುವುದು ಬತ್ತುವ ಬಾವಿ ಮಾತ್ರ ಎಂದು ನಾನು ಹೇಳಬೇಕಾಯಿತು. ದಾರಿಯ ವಿಚಾರ ಇನ್ನೂ ತೊಡಕಿನದು. ಅದಕ್ಕೆ ಕೊನೆಯಲ್ಲಿ ಬರುತ್ತೇನೆ.

ಇಂಥ ಶಬ್ದಗಳಿಗೆ ವೈಯಾಕರಣರು ಕೊಟ್ಟಿರುವ ಹೆಸರನ್ನು ನಾವು ಸಾರ್ವನಾಮಿಕ ಕ್ರಿಯಾವಿಶೇಷಣಗಳು ಎಂದು ಕನ್ನಡಿಸಿಕೊಳ್ಳಬಹುದು. ಇಂಗ್ಲಿಷ್, ಜರ್ಮನ್, ಡಚ್, ಸ್ವೀಡಿಷ್, ಡೇನಿಷ್ ಮೊದಲಾದ ಜರ್ಮ್ಯಾನಿಕ್ ವರ್ಗದ ಭಾಷೆಗಳಲ್ಲಿ ಇವು ಬಹಳ ಹಳೆಯವು. ಸಾವಿರ ವರ್ಷಗಳಿಗೂ ಹಿಂದಿನ ಪ್ರಾಚೀನ ಇಂಗ್ಲಿಷಿನ ಗ್ರಂಥಗಳಲ್ಲಿಯೇ ಕಾಣುತ್ತವೆ. ಇವುಗಳ ರಚನೆ ಸರಳವಾದುದು. ಮೊದಲು ಹಿಯರ್, ದೇರ್, ವೇರ್ ಎಂಬ ಮೂರರಲ್ಲಿ ಒಂದು. ಅನಂತರ ಇನ್, ಆಫ್, ಬೈ, ಟು, ಆನ್, ವಿತ್, ಆಫ್ಟರ್, ಅಂಡರ್ ಮೊದಲಾದ ಪೂರ್ವಾವ್ಯಯಗಳಲ್ಲಿ ಒಂದು. ಎರಡನ್ನೂ ಜೋಡಿಸಿದರೆ ಶಬ್ದ ಸಿದ್ಧ.

ಹಿಯರ್, ದೇರ್, ವೇರ್ ಎಂಬ ಮೂವರನ್ನು ನೋಡಿದೊಡನೆ ಕನ್ನಡಿಗನಿಗೆ ತನ್ನ ಮನೆಯ ಮೂವರು ನೆನಪಿಗೆ ಬರಬೇಕು. ನಮ್ಮಲ್ಲಿ ಇ, ಅ, ಎ ಎಂಬ ಮೂರು ಸ್ವರಗಳು ಹತ್ತಿರ, ದೂರ, ಪ್ರಶ್ನೆ ಎಂಬ ಮೂರು ಅರ್ಥಗಳನ್ನು ಹೊತ್ತಿವೆ: ಇಲ್ಲಿ, ಅಲ್ಲಿ, ಎಲ್ಲಿ; ಇತ್ತ, ಅತ್ತ, ಎತ್ತ; ಇಷ್ಟು, ಅಷ್ಟು, ಎಷ್ಟು. ಇಂಗ್ಲಿಷಿನಲ್ಲಿ ಈ ಕೆಲಸವನ್ನು ವ್ಯಂಜನಗಳು ಮಾಡುತ್ತವೆ. ಹಿಯರ್, ದೇರ್, ವೇರ್ ಎಂಬವು ಇಲ್ಲಿ, ಅಲ್ಲಿ, ಎಲ್ಲಿ. ಈಗ ಬಳಕೆ ತಪ್ಪಿದ ಹಿದರ್, ದಿದರ್, ವಿದರ್ ಎಂಬವು ಇತ್ತ, ಅತ್ತ, ಎತ್ತ. ಹೆನ್ಸ್, ದೆನ್ಸ್, ವೆನ್ಸ್ ಎಂಬವು ಇಲ್ಲಿಂದ, ಅಲ್ಲಿಂದ, ಎಲ್ಲಿಂದ. ಇವನ್ನು ಕಂಠಪಾಠ ಮಾಡುವ ಅವಶ್ಯಕತೆ ಇಲ್ಲ. ಹಕಾರ ಕಂಡರೆ ಇಕಾರ, ದಕಾರ ಕಂಡರೆ ಅಕಾರ, ವಕಾರ ಕಂಡರೆ ಎಕಾರ ಎಂದು ತಿಳಿದರೆ ಸಾಕು.

ಇನ್ನು ಎರಡನೆಯ ವಿಷಯ. ಇದನ್ನು ಹೇಳುವಾಗ ತರಗತಿಯಲ್ಲಿ ಹಿಂದಿನ ಬೆಂಚಿನವರೂ ತಲೆ ಎತ್ತುತ್ತಾರೆ. ಇಂಗ್ಲಿಷಿನಲ್ಲಿ ‘ಪೆಟ್ಟಿಗೆಯಲ್ಲಿ’ ಎನ್ನಬೇಕಾದರೆ ಮೊದಲು ಇನ್, ಆಮೇಲೆ ಪೆಟ್ಟಿಗೆ. ಕನ್ನಡದಲ್ಲಿ ಮೊದಲು ಪೆಟ್ಟಿಗೆ, ಆಮೇಲೆ ಅಲ್ಲಿ. ನಾವು ಇಂಗ್ಲಿಷ್ ಕಲಿಯುವಾಗ ಪಡುವ ಅರ್ಧ ಕಷ್ಟ ಈ ತಿರುವು ಮುರುವಿನಿಂದ ಬಂದುದು. ಆದರೆ ದೇರ್‌ಇನ್ ಎಂಬಲ್ಲಿ ಇನ್ ಎಂಬುದು ಹಿಂದೆ ಬಂದಿದೆ! ದೇರ್ ಎಂದರೆ ಅದರ, ಇನ್ ಎಂದರೆ ಅಲ್ಲಿ ಅಥವಾ ಒಳಗೆ. ಒಟ್ಟು ಅದರಲ್ಲಿ, ಅದರೊಳಗೆ. ನಮ್ಮ ವಿಭಕ್ತಿ ಪ್ರತ್ಯಯದ ಕ್ರಮವೇ ಇಲ್ಲಿಯೂ ಇದೆ. ಹೀಗೆ ಇಂಗ್ಲಿಷ್ ಮಕ್ಕಳಿಗೆ ಇಂದು ಹಳೆಯದಾಗಿ ವಿಚಿತ್ರವಾಗಿ ಕಾಣುವ ಈ ಶಬ್ದಗಳು ಕನ್ನಡದ ಮಕ್ಕಳಿಗೆ ಮಿಕ್ಕ ಇಂಗ್ಲಿಷಿಗಿಂತ ಸುಲಭವಾಗಬೇಕು. ಹಿಯರ್ ಎಂಬುದಕ್ಕೆ ಇದು, ದೇರ್ ಎಂಬುದಕ್ಕೆ ಅದು, ವೇರ್ ಎಂಬುದಕ್ಕೆ ಯಾವುದು ಎಂದು ಇಟ್ಟುಕೊಂಡು ಎಡದಿಂದ ಬಲಕ್ಕೆ ನೇರವಾಗಿ ಓದಿಕೊಂಡು ಹೋಗಿರಿ.

ದೇರ್‌ಆಫ್ — ಅದರ.
ದೇರ್‌ಬೈ — ಅದರಿಂದ.
ದೇರ್‌ಟು — ಅದಕ್ಕೆ.
ದೇರ್‌ಅಪಾನ್ — ಅದರ ಮೇಲೆ, ಆ ಬಳಿಕ.
ದೇರ್‌ಅಂಡರ್ — ಅದರ ಕೆಳಗೆ. ಶಾಸನಗಳಲ್ಲಿ, ಅದರ ಮೇರೆಗೆ.
ಹಿಯರ್‌ವಿತ್ — ಇದರೊಡನೆ.
ಹಿಯರ್‌ಆಫ್ಟರ್ — ಇದರ ಅನಂತರ, ಇನ್ನು ಮುಂದೆ.
ವೇರ್‌ಬೈ — ಯಾವುದರಿಂದ.
ವೇರ್‌ಇನ್ — ಯಾವುದರಲ್ಲಿ.

ಹಿಯರ್‌ಇನ್‌ಆಫ್ಟರ್ ಎಂಬುದು ಮೂರು ಕೂಡಿದುದು: ಇದರಲ್ಲಿ ಮುಂದೆ, ಅಂದರೆ ಈ ಪತ್ರದ ಮುಂದಿನ ಭಾಗದಲ್ಲಿ. "ಇನ್ನು ಮುಂದೆ ಇದರಲ್ಲಿ ಮಾರುವವರು ಎಂದು ಕರೆಯಲ್ಪಡುವ" ಎಂಬಂಥ ಉದ್ದನೆಯ ಮಾತು ಕ್ರಯಪತ್ರಗಳ ಆರಂಭದಲ್ಲಿ ಬರುವುದು ಈ ಶಬ್ದದಿಂದಲೇ. ನಮ್ಮ ಸಂವಿಧಾನದ ಪ್ರಸ್ತಾವನೆಯ ಇಂಗ್ಲಿಷ್ ಪಾಠದಲ್ಲಿಯೂ ಈ ಕುಟುಂಬದ ಒಂದು ಶಬ್ದವಿದೆ. ೧೯೪೯ನೆಯ ಇಸವಿ ನವೆಂಬರ್ ೨೬ರಂದು ಅಂಗೀಕೃತವಾದ ಆ ವಾಕ್ಯದಲ್ಲಿ ಹಿಯರ್‌ಬೈ ಎಂಬುದು ‘ಈ ಮೂಲಕ’ ಎಂಬ ಅರ್ಥವನ್ನು ಕೊಡುತ್ತದೆ. ಅದು ಸುಮ್ಮನೆ ಸೇರಿಸಿದ ಅಲಂಕಾರವಲ್ಲ. ಆ ಮಾತನ್ನು ನುಡಿಯುವುದರಿಂದಲೇ ಆ ಕಾರ್ಯ ನೆರವೇರಿತು ಎಂಬುದನ್ನು ಅದು ಸೂಚಿಸುತ್ತದೆ.

ಸ್ಥಳವನ್ನು ಹೇಳುವ ಶಬ್ದ ವಸ್ತುವನ್ನು ಹೇಳುವ ಸರ್ವನಾಮದ ಕೆಲಸಕ್ಕೆ ಬಂದುದು ಹೇಗೆ ಎಂದು ನೀವು ಕೇಳಬಹುದು. ನಮ್ಮ ಮಾತಿನಲ್ಲಿಯೂ ಇದು ಇಲ್ಲದಿಲ್ಲ. "ಅಲ್ಲಿಗೆ ಆ ವ್ಯಾಜ್ಯ ಮುಗಿಯಿತು" ಎನ್ನುತ್ತೇವೆ; ಅಲ್ಲಿಗೆ ಎಂದರೆ ಯಾವ ಊರಿಗೆ? "ಇಲ್ಲಿಗೆ ಪಾಠ ಸಾಕು" ಎನ್ನುತ್ತೇವೆ. ಅಷ್ಟೇ ಏಕೆ, ‘ಅದರಲ್ಲಿ’ ಎಂಬ ಸಪ್ತಮೀ ರೂಪವನ್ನೇ ಬಿಡಿಸಿ ನೋಡಿದರೆ ಅದರ ಎಂಬುದಕ್ಕೆ ಹತ್ತಿದ ಪ್ರತ್ಯಯ ‘ಅಲ್ಲಿ’ ಎಂಬುದೇ ಅಲ್ಲವೇ! ಸ್ಥಳವೂ ವಸ್ತುವೂ ಮನುಷ್ಯನ ಮನಸ್ಸಿನಲ್ಲಿ ಬಹಳ ಹತ್ತಿರದ ನೆರೆಹೊರೆಯವು.

ಒಂದು ಕಾಲದಲ್ಲಿ ಇಂಗ್ಲಿಷಿಗೆ ಈ ಶಬ್ದಗಳು ಅನಿವಾರ್ಯವಾಗಿದ್ದುವು. ಇಂದು ನೀವು ಒಂದನೆಯ ಪಾಠದಲ್ಲಿಯೇ ಕಲಿಯುವ ಇಟ್ಸ್ ಎಂಬ ಶಬ್ದ, ಎಂದರೆ ‘ಅದರ’ ಎಂಬುದು, ಹಳೆಯ ಇಂಗ್ಲಿಷಿನಲ್ಲಿ ಇರಲಿಲ್ಲ. ನಪುಂಸಕಲಿಂಗದ ವಸ್ತುವಿಗೂ ‘ಅವನ’ ಎಂದೇ, ಹಿಸ್ ಎಂದೇ ಹೇಳುತ್ತಿದ್ದರು. ಹದಿನಾರನೆಯ ಶತಮಾನದ ಕೊನೆಗೆ ಇಟ್ಸ್ ಎಂಬುದು ಬರಹದಲ್ಲಿ ಕಾಣಿಸಿಕೊಳ್ಳತೊಡಗಿತು. ಆದರೂ ಗಂಭೀರ ಲೇಖಕರು ಅದನ್ನು ಬಹಳ ಕಾಲ ದೂರವಿಟ್ಟರು. ಇದಕ್ಕೆ ಪ್ರಸಿದ್ಧವಾದ ಸಾಕ್ಷಿ ೧೬೧೧ರಲ್ಲಿ ಜೇಮ್ಸ್ ದೊರೆಯ ಆಜ್ಞೆಯಂತೆ ಪ್ರಕಟವಾದ ಬೈಬಲಿನ ಭಾಷಾಂತರ. ಅಷ್ಟು ದೊಡ್ಡ ಗ್ರಂಥದ ಮೊದಲ ಮುದ್ರಣದಲ್ಲಿ ಇಟ್ಸ್ ಎಂಬುದು ಒಂದು ಸಲವೂ ಇಲ್ಲ. ಇಂದಿನ ಪ್ರತಿಗಳಲ್ಲಿ ಒಂದೇ ಒಂದು ಕಡೆ ಕಾಣುವುದು, ಲೇವಿಯ ಕಾಂಡದಲ್ಲಿ, ಮುಂದಿನ ಮುದ್ರಕರು ತಿದ್ದಿದುದು. ಹಾಗಾದರೆ ‘ಅದರ ಎತ್ತರ’, ‘ಅದರ ಬಾಗಿಲು’ ಎಂಬುದನ್ನು ಆ ಭಾಷಾಂತರಕಾರರು ಹೇಗೆ ಹೇಳಿದರು? ಎಷ್ಟೋ ಕಡೆ ದೇರ್‌ಆಫ್ ಎಂಬುದನ್ನು ಹಿಂದೆ ಸೇರಿಸಿ ಹೇಳಿದರು. ಆ ಗ್ರಂಥದ ನಡೆಯಲ್ಲಿ ಒಂದು ಗಾಂಭೀರ್ಯ ಕಾಣುವುದಕ್ಕೆ ಈ ಶಬ್ದಗಳೂ ಒಂದು ಕಾರಣ. ಅಂದು ಅವು ಗಂಭೀರ ಶಬ್ದಗಳಾಗಿರಲಿಲ್ಲ, ದಿನಬಳಕೆಯವೇ. ಗಾಂಭೀರ್ಯ ಬಂದುದು ಹಳತಾದ ಮೇಲೆ.

ಶೇಕ್ಸ್‌ಪಿಯರ್ ಕವಿಯ ರೋಮಿಯೋ ಮತ್ತು ಜೂಲಿಯೆಟ್ ನಾಟಕದ ಎರಡನೆಯ ಅಂಕದಲ್ಲಿ, ಉಪ್ಪರಿಗೆಯಲ್ಲಿ ನಿಂತ ಜೂಲಿಯೆಟ್ ರೋಮಿಯೋನ ಹೆಸರು ಹಿಡಿದು ವೇರ್‌ಫೋರ್ ಎಂದು ಕೇಳುವ ಮಾತೊಂದಿದೆ. ಶಾಲೆಯ ವಾರ್ಷಿಕೋತ್ಸವಗಳಲ್ಲಿ ಈ ದೃಶ್ಯವನ್ನು ಆಡುವಾಗ ಹುಡುಗಿಯು ಹಣೆಗೆ ಕೈಯಿಟ್ಟು ಕತ್ತಲೆಯಲ್ಲಿ ಅತ್ತಿತ್ತ ಹುಡುಕುವಂತೆ ಅಭಿನಯಿಸುವುದನ್ನು ನಾನು ನೋಡಿದ್ದೇನೆ. ಅದು ತಪ್ಪು. ಆಕೆ ‘ನೀನು ಎಲ್ಲಿರುವೆ’ ಎಂದು ಕೇಳುತ್ತಿಲ್ಲ, ‘ನೀನು ಏಕೆ ರೋಮಿಯೋ ಆಗಿರುವೆ’ ಎಂದು ಕೇಳುತ್ತಿದ್ದಾಳೆ. ತನ್ನ ಮನೆತನದ ವೈರಿಗಳ ಹೆಸರು ಇವನಿಗೇಕೆ ಬಂದಿತು ಎಂಬುದು ಆಕೆಯ ಸಂಕಟ. ವೇರ್‌ಫೋರ್ ಎಂದರೆ ಏತಕ್ಕಾಗಿ. ನಮ್ಮ ‘ಏಕೆ’ ಎಂಬುದನ್ನೂ ಬಿಡಿಸಿ ನೋಡಿರಿ. ಏ ಎಂಬ ಪ್ರಶ್ನಾರ್ಥಕ ಮೂಲಕ್ಕೆ ಚತುರ್ಥಿಯ ‘ಕೆ’ ಹತ್ತಿದೆ. ಏತಕ್ಕೆ, ಏಕೆ ಎರಡೂ ಒಂದೇ ಅಚ್ಚಿನವು. ಸ್ವೀಡಿಷ್ ಭಾಷೆಯಲ್ಲಿ ಏಕೆ ಎಂಬುದಕ್ಕೆ ಇಂದಿಗೂ ವಾರ್‌ಫೋರ್ ಎನ್ನುತ್ತಾರೆ, ಡೇನಿಷ್ ಮತ್ತು ನಾರ್ವೇಜಿಯನ್ ಭಾಷೆಗಳಲ್ಲಿ ವೋರ್‌ಫೋರ್ ಎನ್ನುತ್ತಾರೆ. ಅಲ್ಲಿಯ ಎಳೆಯ ಮಕ್ಕಳು ತಾಯಂದಿರನ್ನು ಕಾಡುವ ಪ್ರಶ್ನೆಯ ಶಬ್ದ ಇಂಗ್ಲೆಂಡಿನಲ್ಲಿ ನಾಟಕದ ಶಬ್ದವಾಗಿ ಉಳಿದಿದೆ.

ಪ್ರಶ್ನೆಗೆ ಜೊತೆಯಾದ ಉತ್ತರ ದೇರ್‌ಫೋರ್, ಅಂದರೆ ಅದಕ್ಕಾಗಿ, ಆದುದರಿಂದ. ಇಡೀ ಕುಟುಂಬದಲ್ಲಿ ದಿನಬಳಕೆಯ ಇಂಗ್ಲಿಷಿನಲ್ಲಿ ನೆಲೆಯಾಗಿ ನಿಂತುದು ಇದೊಂದೇ ಎಂದರೂ ಸಲ್ಲುತ್ತದೆ. ಇದರ ಕೊನೆಯ ಇ ಅಕ್ಷರವನ್ನು ತೆಗೆದು ಬರೆದರೆ ಕಾನೂನಿನ ಪತ್ರಗಳಲ್ಲಿ ಬೇರೆ ಅರ್ಥ: ‘ಅದಕ್ಕಾಗಿ’ ಎಂಬ ಮೂಲಾರ್ಥ ಮಾತ್ರ. ಒಂದು ಸಾಮಾನನ್ನು ಕೊಂಡು ಅದಕ್ಕಾಗಿ ಹಣ ತೆತ್ತೆನೆಂಬಲ್ಲಿ ಕೊನೆಯ ಇ ಬರಬಾರದು. ಮಳೆ ಬಂದಿತು, ಆದುದರಿಂದ ಆಟ ನಿಂತಿತೆಂಬಲ್ಲಿ ಬರಲೇಬೇಕು. ರಜೆಯ ಅರ್ಜಿಗಳಲ್ಲಿ "ನನಗೆ ಜ್ವರ" ಎಂದು ಬರೆದು, ಅಲ್ಪವಿರಾಮವಿಟ್ಟು, ದೇರ್‌ಫೋರ್ ಎಂದು ಮುಂದುವರಿಸುವವರು ಗಮನಿಸಬೇಕು. ದೇರ್‌ಫೋರ್ ಕ್ರಿಯಾವಿಶೇಷಣವೇ ಹೊರತು ಎರಡು ವಾಕ್ಯಗಳನ್ನು ಹೊಲಿಯುವ ದಾರವಲ್ಲ. ಅದಕ್ಕೆ ಮೊದಲು ಪೂರ್ಣವಿರಾಮವನ್ನೋ ಅರ್ಧವಿರಾಮವನ್ನೋ ಇಡಿರಿ. ಮಿಕ್ಕವರಲ್ಲಿ ಕೆಲವರು ವೇಷ ಮರೆಸಿ ಬದುಕಿದ್ದಾರೆ. ಹಿಯರ್‌ಆಫ್ಟರ್ ಎಂಬುದು ನಾಮಪದವಾಗಿ ಪರಲೋಕವೆಂಬ ಅರ್ಥ ತಳೆದಿದೆ. ವೇರ್‌ವಿದಾಲ್ ಎಂಬುದು, ‘ಯಾವುದರಿಂದ ಮಾಡುವುದು’ ಎಂಬ ಅರ್ಥದಿಂದ ಹೊರಟು, ಕಾರ್ಯಕ್ಕೆ ಬೇಕಾದ ಹಣ ಎಂಬಲ್ಲಿ ಬಂದು ನಿಂತಿದೆ. ನಮ್ಮಂಥ ಶಾಲೆಗಳನ್ನು ನಡೆಸುವವರಿಗೆ ಈ ಶಬ್ದದ ಪರಿಚಯ ಚೆನ್ನಾಗಿ ಇರುತ್ತದೆ.

ಇಂಗ್ಲಿಷಿನಲ್ಲಿ ಮುದಿಯಾದ ಈ ಕುಟುಂಬ ಜರ್ಮನಿಯಲ್ಲಿ ಇಂದಿಗೂ ಯೌವನದಲ್ಲಿದೆ. ಅಲ್ಲಿಯ ಶಬ್ದಗಳು ಹೀರ್, ದಾ, ವೋ. ಮಿಟ್ ಎಂದರೆ ಜೊತೆಗೆ ಅಥವಾ ಇಂದ. ದಾಮಿಟ್ ಎಂದರೆ ಅದರಿಂದ, ಅದರೊಡನೆ. ಫ್ಯೂರ್ ಎಂದರೆ ಆಗಿ. ದಾಫ್ಯೂರ್ ಎಂದರೆ ಅದಕ್ಕಾಗಿ. ಯಾವುದರಿಂದ ಎಂಬುದಕ್ಕೆ ವೋಮಿಟ್ ಎನ್ನುತ್ತಾರೆ. ಇಂಗ್ಲಿಷಿನಲ್ಲಿ ಇದೇ ಧ್ವನಿಯ ಶಬ್ದಕ್ಕೆ ಬೇರೊಂದು ಅರ್ಥವಿರುವುದನ್ನು ಬಲ್ಲ ಹುಡುಗರು ನಗುವುದನ್ನು ಮೊದಲೇ ಮುಗಿಸಿಕೊಳ್ಳಲಿ. ಇವು ವಕೀಲರ ಶಬ್ದಗಳಲ್ಲ. ಅಡುಗೆಮನೆಯಲ್ಲಿ, ಸಂತೆಯಲ್ಲಿ, ಮಕ್ಕಳ ಜಗಳದಲ್ಲಿ ಬರುವ ಶಬ್ದಗಳು.

ಜರ್ಮನ್ ಭಾಷೆಯ ನಿಯಮವೊಂದು ನಮಗೆ ವಿಶೇಷವಾಗಿ ರುಚಿಸುವಂತಹುದು. ಲೇಖನಿಯಿಂದ ಬರೆದೆನೆಂದು ಹೇಳಿ ‘ಅದರಿಂದ’ ಎನ್ನಬೇಕಾದರೆ ದಾಮಿಟ್. ಆದರೆ ಅಣ್ಣನೊಡನೆ ಹೋದೆನೆಂದು ಹೇಳಿ ‘ಅವನೊಡನೆ’ ಎನ್ನಬೇಕಾದರೆ ದಾಮಿಟ್ ಎನ್ನುವಂತಿಲ್ಲ. ಮಿಟ್ ಈಮ್ ಎಂದು ಎರಡು ಶಬ್ದಗಳಾಗಿ ಬಿಡಿಸಿ ಹೇಳಬೇಕು. ಪ್ರಶ್ನೆಯಲ್ಲಿಯೂ ಹಾಗೆಯೇ. ಬಸ್ಸಿಗಾಗಿ ಕಾಯುವವನನ್ನು ವೋರೌಫ್ ಎಂದು ಕೇಳಬೇಕು, ಗೆಳೆಯನಿಗಾಗಿ ಕಾಯುವವನನ್ನು ಔಫ್ ವೇನ್ ಎಂದು ಕೇಳಬೇಕು. ನಾವು ಮೊದಲನೆಯವನನ್ನು ‘ಏತಕ್ಕಾಗಿ’ ಎಂದೂ ಎರಡನೆಯವನನ್ನು ‘ಯಾರಿಗಾಗಿ’ ಎಂದೂ ಕೇಳುವುದಿಲ್ಲವೇ, ಹಾಗೆ. ಕನ್ನಡದ ಮಗು ಈ ಭೇದವನ್ನು ತಾಯಿಯ ತೊಡೆಯ ಮೇಲೆಯೇ ಕಲಿತಿರುತ್ತದೆ. ವ್ಯತ್ಯಾಸವೂ ಒಂದಿದೆ. ಮನೆಯ ನಾಯಿಯ ಜೊತೆಗೆ ಆಡಿದೆನೆಂದಾಗ ನಾವು ‘ಅದರೊಡನೆ’ ಎನ್ನುತ್ತೇವೆ. ಜರ್ಮನರು ಅಲ್ಲಿ ಸಾಮಾನ್ಯವಾಗಿ ಮಿಟ್ ಈಮ್ ಎಂದೇ ಹೇಳುತ್ತಾರೆ. ನಾಯಿಗೆ ಅಲ್ಲಿ ಅಣ್ಣನ ಮರ್ಯಾದೆ.

ಔಫ್, ಇನ್, ಆನ್, ಊಮ್ ಎಂಬಂಥ ಸ್ವರಾದಿಯಾದ ಅವ್ಯಯ ಮುಂದೆ ಬಂದರೆ ನಡುವೆ ರಕಾರ ಬರುತ್ತದೆ: ದಾರೌಫ್, ದಾರಿನ್, ದಾರಾನ್, ವೋರೌಫ್. ಇದನ್ನು ನಮ್ಮ ಯಕಾರ ವಕಾರಗಳಂತೆ ಆಗಮಸಂಧಿ ಎಂದು ಮೊದಲ ನೋಟಕ್ಕೆ ಹೇಳಬಹುದು. ನಿಜವಾಗಿ ಅದು ಆಗಮವಲ್ಲ. ಹಳೆಯ ಜರ್ಮನಿನಲ್ಲಿ ಶಬ್ದವೇ ರಕಾರಾಂತವಾಗಿತ್ತು, ಇಂಗ್ಲಿಷಿನ ದೇರ್ ವೇರ್‌ಗಳಂತೆ. ಕೊನೆಯ ರಕಾರ ಕಾಲಕ್ರಮದಲ್ಲಿ ಲೋಪವಾಯಿತು. ಮುಂದೆ ಸ್ವರ ಇದ್ದಲ್ಲಿ ಮಾತ್ರ ಅದರ ಆಶ್ರಯದಲ್ಲಿ ಉಳಿದುಕೊಂಡಿತು. ಏಕೆ ಎಂಬ ಅರ್ಥದ ವಾರುಮ್ ಎಂಬ ಜರ್ಮನ್ ಶಬ್ದದಲ್ಲಿ ಆ ಹಳೆಯ ವಾರ್ ಹಾಗೆಯೇ ಕುಳಿತಿದೆ. ಎಲ್ಲ ಅವ್ಯಯಗಳೂ ಈ ಸಮಾಸಕ್ಕೆ ಒಪ್ಪುವುದಿಲ್ಲ ಎಂಬುದನ್ನೂ ಹೇಳಬೇಕು. ‘ಇಲ್ಲದೆ’ ಎಂಬರ್ಥದ ಓನೆ ದಾಕಾರದೊಡನೆ ಕೂಡುವುದಿಲ್ಲ. ‘ದೆಸೆಯಿಂದ’ ಎಂಬರ್ಥದ ವೇಗೆನ್ ದೆಸ್‌ವೇಗೆನ್ ಎಂದು ಷಷ್ಠೀ ರೂಪದೊಡನೆ ಕೂಡುತ್ತದೆ.

ದಾಮಿಟ್ ದಾಫ್ಯೂರ್ ಎಂದು ಮಾತನಾಡುವ ನಾಡಿನಿಂದ ಬಂದವರೊಬ್ಬರಿಗೆ ಕನ್ನಡಿಗರೆಲ್ಲರೂ ಋಣಿಗಳು. ೧೮೩೨ರಲ್ಲಿ ಜರ್ಮನಿಯ ವಾಯವ್ಯ ಮೂಲೆಯ ಈಸ್ಟ್ ಫ್ರಿಸಿಯಾ ಪ್ರಾಂತದಲ್ಲಿ ಹುಟ್ಟಿದ ಫರ್ಡಿನೆಂಡ್ ಕಿಟ್ಟೆಲರು ಬಾಸೆಲ್ ಮಿಶನ್ನಿನವರಾಗಿ ನಮ್ಮ ಕಡೆಗೆ ಬಂದು, ಕೇಶಿರಾಜನ ಶಬ್ದಮಣಿದರ್ಪಣವನ್ನು ೧೮೭೨ರಲ್ಲಿ ಮಂಗಳೂರಿನಿಂದ ಪ್ರಕಟಿಸಿದರು. ೧೮೯೪ರಲ್ಲಿ ಅವರ ಕನ್ನಡ-ಇಂಗ್ಲಿಷ್ ನಿಘಂಟು ಹೊರಬಂದಿತು. ನಮ್ಮ ಸರ್ವನಾಮಗಳನ್ನೂ ವಿಭಕ್ತಿಗಳನ್ನೂ ಒಬ್ಬ ಜರ್ಮನ್ನರು ತಮ್ಮ ತಾಯ್ನುಡಿಯಲ್ಲದ ಇಂಗ್ಲಿಷಿನಲ್ಲಿ ವಿವರಿಸಿದರು. ಮೂರು ಭಾಷೆಗಳ ನಡುವೆ ಬದುಕುವುದು ಕಷ್ಟವೆಂದು ದೂರುವ ನಮ್ಮ ಗಡಿನಾಡಿನ ವಿದ್ಯಾರ್ಥಿಗಳಿಗೆ ನಾನು ಆ ನಿಘಂಟನ್ನು ತೆರೆದು ತೋರಿಸುವುದುಂಟು.

ಡಚ್ ಭಾಷೆಯಲ್ಲಿ ಈ ಶಬ್ದಗಳು ಇನ್ನೂ ಚಂಚಲ. ಅಲ್ಲಿ ಹೀರ್, ದಾರ್, ವಾರ್ ಎಂಬ ಮೂರರ ಜೊತೆಗೆ ಎರ್ ಎಂಬ ನಾಲ್ಕನೆಯದೂ ಉಂಟು. ಅದು ಒತ್ತಿಲ್ಲದ ‘ಅದು’. ಎಲ್ಲವೂ ರಕಾರಾಂತವಾದುದರಿಂದ ಭಾಷಾಶಾಸ್ತ್ರಜ್ಞರು ಇವನ್ನು ಆರ್-ಸರ್ವನಾಮಗಳು ಎಂದು ಕರೆಯುತ್ತಾರೆ. ಹೆಂಕ್ ವಾನ್ ರೀಮ್ಸ್‌ಡೈಕ್ ಎಂಬ ಡಚ್ ವಿದ್ವಾಂಸರು ೧೯೭೮ರ ತಮ್ಮ ಗ್ರಂಥದಲ್ಲಿ ಇವುಗಳನ್ನು ವಿಸ್ತಾರವಾಗಿ ವಿವೇಚಿಸಿದ್ದಾರೆ. ಮೆಟ್ ಎಂಬ ಅವ್ಯಯ ಇವುಗಳೊಡನೆ ಸೇರುವಾಗ ಮೇ ಎಂದಾಗುತ್ತದೆ: ದಾರ್‌ಮೇ, ಅದರಿಂದ, ವಾರ್‌ಮೇ, ಯಾವುದರಿಂದ. ಇಷ್ಟಾದರೆ ಹೊಸತೇನೂ ಇಲ್ಲ. ಹೊಸತು ಏನೆಂದರೆ ಸಮಾಸದ ಎರಡು ಭಾಗಗಳೂ ಒಂದನ್ನೊಂದು ಬಿಟ್ಟು ವಾಕ್ಯದ ಎರಡು ತುದಿಗಳಿಗೆ ಹೋಗಿ ನಿಲ್ಲಬಲ್ಲುವು. ‘ಅದರ ವಿಷಯ ನನಗೇನೂ ತಿಳಿಯದು’ ಎನ್ನಲು ಡಚ್ಚರು "ದಾರ್ ವೇಟ್ ಇಕ್ ನೀಟ್ಸ್ ವಾನ್" ಎನ್ನುತ್ತಾರೆ. ದಾರ್ ಎಂಬುದು ಮೊದಲಲ್ಲಿ, ವಾನ್ ಎಂಬುದು ಕೊನೆಯಲ್ಲಿ. ನಡುವೆ ಮಿಕ್ಕ ವಾಕ್ಯವೆಲ್ಲ. ನಮ್ಮಲ್ಲಿ ‘ಅದರ’ ಎಂಬುದನ್ನು ಮೊದಲಿಗೆ ಇಟ್ಟು ‘ಇಂದ’ ಎಂಬುದನ್ನು ಕೊನೆಗೆ ಹೇಳಿದರೆ ಕೇಳಿದವರು ನಮ್ಮನ್ನು ವೈದ್ಯರ ಬಳಿಗೆ ಕರೆದೊಯ್ದಾರು. ಉತ್ತರ ಜರ್ಮನಿಯ ಆಡುಮಾತಿನಲ್ಲಿಯೂ ಈ ಒಡಕು ಇದೆ. ಅಲ್ಲಿಯ ಶಾಲೆಗಳ ವ್ಯಾಕರಣ ಅದನ್ನು ಶಿಷ್ಟವೆಂದು ಒಪ್ಪುವುದಿಲ್ಲ.

ದಕ್ಷಿಣ ಆಫ್ರಿಕೆಗೆ ವಲಸೆ ಹೋದ ಡಚ್ಚರ ನುಡಿಯಿಂದ ಬೆಳೆದ ಆಫ್ರಿಕಾನ್ಸ್ ಭಾಷೆಯಲ್ಲಿ ಈ ಸ್ಥಳವಾಚಕಗಳು ಮತ್ತೂ ಒಂದು ಹೆಜ್ಜೆ ಮುಂದೆ ಹೋಗಿವೆ. ‘ಈ’ ಎಂಬುದಕ್ಕೆ ಹೀರ್‌ಡೀ, ‘ಆ’ ಎಂಬುದಕ್ಕೆ ದಾರ್‌ಡೀ. ಅಕ್ಷರಶಃ ‘ಇಲ್ಲಿಯ ಆ’, ‘ಅಲ್ಲಿಯ ಆ’ ಎಂದಂತೆ.

ಇಂಗ್ಲಿಷ್ ಆಡುಮಾತು ಇವುಗಳನ್ನು ಬಿಟ್ಟುಕೊಟ್ಟು, ‘ಇನ್ ಇಟ್’, ‘ವಿತ್ ದಿಸ್’ ಎಂದು ಬಿಡಿಸಿ ಹೇಳುವ ದಾರಿಯನ್ನು ಹಿಡಿಯಿತು. ವಕೀಲರು ಮಾತ್ರ ಬಿಡಲಿಲ್ಲ. ದೇರ್‌ಆಫ್, ಹಿಯರ್‌ಟುಫೋರ್ ಎಂಬವುಗಳಿಂದ ಪತ್ರಕ್ಕೆ ತೂಕ ಬರುತ್ತದೆಂಬುದು ಒಂದು ನಂಬಿಕೆ; ಖಚಿತತೆ ಬರುತ್ತದೆಂಬುದು ಇನ್ನೊಂದು. ತೂಕದ ಮಾತು ನಿಜವಿರಬಹುದು. ಖಚಿತತೆಯ ಮಾತನ್ನು ನಾನು ಒಪ್ಪಲಾರೆ. ಈ ಶಬ್ದಗಳಿಗೆ ಲಿಂಗವಿಲ್ಲ, ವಚನವಿಲ್ಲ. ದೇರ್‌ಇನ್ ಎಂದರೆ ಅದರಲ್ಲಿ ಎಂದೂ ಆಗಬಹುದು, ಅವುಗಳಲ್ಲಿ ಎಂದೂ ಆಗಬಹುದು. ಹಿಂದೆ ಎರಡು ಮೂರು ವಸ್ತುಗಳ ಹೆಸರು ಬಂದಿದ್ದರೆ ದೇರ್ ಎಂಬುದು ಅವುಗಳಲ್ಲಿ ಯಾವುದರ ಕಡೆಗೆ ಬೆರಳು ಚಾಚಿದೆ ಎಂದು ಶಬ್ದದ ರೂಪದಿಂದ ತಿಳಿಯುವಂತಿಲ್ಲ. ಇಂಗ್ಲೆಂಡಿನಲ್ಲಿ ೧೯೭೯ರಲ್ಲಿ ಆರಂಭವಾದ ಸರಳ ಇಂಗ್ಲಿಷಿನ ಆಂದೋಲನದವರು ಸಾಮಾನ್ಯರಿಗೆ ಅರ್ಥವಾಗದ ಇಂಥ ಕಾಗದಭಾಷೆಯ ಮೇಲೆಯೇ ಹೋರಾಟ ಹೂಡಿದರು. ಅಮೆರಿಕದಲ್ಲಿ ೨೦೧೦ರಲ್ಲಿ ಸರಕಾರಿ ಬರಹ ಸರಳವಾಗಿರಬೇಕೆಂದು ಒಂದು ಕಾಯಿದೆಯೇ ಆಯಿತು.

ಈಗ ಆ ದಾರಿಗೆ ಹಿಂದಿರುಗೋಣ. "ಜಾಗ, ಅದರಲ್ಲಿರುವ ಬಾವಿ, ಮತ್ತು ಅದಕ್ಕೆ ಹೋಗುವ ದಾರಿ" ಎಂಬುದಲ್ಲವೇ ಕರಾರಿನ ಮಾತು? ಅದಕ್ಕೆ ಎಂದರೆ ಏತಕ್ಕೆ? ಜಾಗಕ್ಕೋ, ಬಾವಿಗೋ? ಜಾಗಕ್ಕೆ ಎಂದಾದರೆ ಸಾರ್ವಜನಿಕ ರಸ್ತೆಯಿಂದ ಮಾರುವವರ ಉಳಿದ ತೋಟದ ಮೂಲಕ ಬರುವ ಮೂವತ್ತು ಮಾರು ಉದ್ದದ ದಾರಿಗೆ ಕೊಳ್ಳುವವರು ಹಕ್ಕುದಾರರಾಗುತ್ತಾರೆ. ಬಾವಿಗೆ ಎಂದಾದರೆ ಜಾಗದ ಒಳಗೆ ಮೂಲೆಯಿಂದ ಬಾವಿಕಟ್ಟೆಯ ತನಕ ಇರುವ ಕಾಲುದಾರಿ ಮಾತ್ರ. ತಮ್ಮ ಮನೆಗೆ ತಾವು ಹೋಗುವುದಕ್ಕೆ ದಾರಿಯೇ ಇಲ್ಲದಂತಾದೀತು! ಹಣ ಕೊಡುವವರು ಒಂದು ರೀತಿ ಓದಿಯಾರು, ಹಣ ಪಡೆದವರ ಮಕ್ಕಳು ಮುಂದೊಂದು ದಿನ ಇನ್ನೊಂದು ರೀತಿ ಓದಿಯಾರು. ನಾನು ವಕೀಲನಲ್ಲ, ನ್ಯಾಯಾಲಯ ಏನೆನ್ನುತ್ತದೆಂದು ಹೇಳಲು ನನಗೆ ಅಧಿಕಾರವಿಲ್ಲ. ಆದರೆ ಎರಡು ಅರ್ಥವಾಗುವ ವಾಕ್ಯವನ್ನು ಗುರುತಿಸುವುದು ಭಾಷೆ ಕಲಿಸುವವನ ಕೆಲಸ.

ತಂದೆಯವರು ಅಂದು ಪತ್ರವನ್ನು ಮಡಿಸಿಕೊಂಡು ಹೋದರು. ಮರುವಾರ ಪೇಟೆಯ ವಕೀಲರೊಬ್ಬರ ಬಳಿಗೆ ಹೋಗಿ, ದೇರ್‌ಟು ಎಂಬುದನ್ನು ಹೊಡೆದುಹಾಕಿಸಿ, ರಸ್ತೆಯ ಹೆಸರನ್ನೂ ದಾರಿಯ ಅಗಲವನ್ನೂ ಅದು ಮುಟ್ಟುವ ಗಡಿಯನ್ನೂ ಬಿಡಿಸಿ ಬರೆಯಿಸಿದರು. ಮಾರುವವರು ತಕರಾರಿಲ್ಲದೆ ಒಪ್ಪಿದರು. ಅವರ ಮನಸ್ಸಿನಲ್ಲಿಯೂ ಇದ್ದುದು ಅದೇ ಎಂದು ತಿಳಿದುಬಂದಿತು. ಒಳ್ಳೆಯ ಬಾವಿಯ ನೀರನ್ನು ಮಾತ್ರ ಅವರು ಕೊಡಲಿಲ್ಲ. ಬತ್ತುವ ಬಾವಿಯನ್ನು ತಂದೆ ಮಗ ಸೇರಿ ಮುಂದಿನ ಬೇಸಗೆಯಲ್ಲಿ ಇನ್ನೂ ಎಂಟು ಅಡಿ ತೋಡಿಸಿದರು.

ಮೇಲಿನ ತರಗತಿಯವರಿಗೆ ರಜೆಯ ಕೆಲಸವಾಗಿ ಇದನ್ನು ಕೊಡುತ್ತೇನೆ. ನಿಮ್ಮ ಮನೆಯ ಪೆಟ್ಟಿಗೆಯಲ್ಲಿ ಇಂಗ್ಲಿಷಿನಲ್ಲಿರುವ ಯಾವುದಾದರೂ ಕಾಗದ, ಬ್ಯಾಂಕಿನ ಸಾಲಪತ್ರವೋ ವಿಮೆಯ ಪತ್ರವೋ ಬಾಡಿಗೆಯ ಕರಾರೋ, ಇದ್ದೇ ಇರುತ್ತದೆ. ಹಿರಿಯರ ಅಪ್ಪಣೆ ಪಡೆದು ಅದನ್ನು ತೆಗೆಯಿರಿ. ಹಿಯರ್, ದೇರ್, ವೇರ್ ಎಂದು ಮೊದಲಾಗುವ ಸಮಾಸಗಳನ್ನೆಲ್ಲ ಪಟ್ಟಿ ಮಾಡಿ, ಪ್ರತಿಯೊಂದರ ಎದುರಿಗೆ ಕನ್ನಡದ ವಿಭಕ್ತಿರೂಪವನ್ನು ಬರೆಯಿರಿ. ಅನಂತರ ಆ ಇದು, ಅದು, ಯಾವುದು ಎಂಬವು ಹಿಂದಿನ ಯಾವ ಶಬ್ದವನ್ನು ತೋರಿಸುತ್ತವೆಂದು ಗೆರೆ ಎಳೆದು ಗುರುತಿಸಿರಿ. ಗೆರೆಯನ್ನು ಎರಡು ಕಡೆಗೆ ಎಳೆಯಬಹುದೆಂದು ಕಂಡಲ್ಲಿ ಆ ಸಾಲನ್ನು ಹಾಗೆಯೇ ಬರೆದುಕೊಂಡು, ಶಾಲೆ ತೆರೆದ ಮೊದಲ ವಾರದಲ್ಲಿ ನನ್ನ ಬಳಿಗೆ ತನ್ನಿರಿ. ಬೇಕಾದರೆ ತಂದೆತಾಯಿಗಳೂ ಜೊತೆಗೆ ಬರಲಿ.